ಪೊಟರೆಯೊಳಗಿನ ಹೆಣ್ಣು ಮಂಗಟ್ಟೆ

ಆ ಹೆಣ್ಣು ಮಂಗಟ್ಟೆ ಹಕ್ಕಿಯನ್ನೂ ಅದರ ಮರಿಯನ್ನೂ ಉಪವಾಸ ಕೆಡವಿ ಕೊಂದವಳು ನಾನು. ಪ್ರೇಮಾ ಅಲ್ಲ. ತಾನೇ ಕೊಂದೆ ಎಂದು ಅವಳು ಇಷ್ಟು ವರ್ಷ ನಂಬಿದ್ದಳು—ನಂಬಿಕೊಂಡಿರಲಿ ಎಂದು ನಾನು ಸುಮ್ಮನಿದ್ದೆ.

ಪ್ರೇಮಾ ನನ್ನ ಕಾಲೇಜಿನ ಗೆಳತಿ. ಚಾಮರಾಜಪೇಟೆಯವಳು, ಅವಳ ಅಪ್ಪನಿಗೆ ಸುಲ್ತಾನ್‌ಪೇಟೆಯಲ್ಲಿ ಮದುವೆ ಕಾರ್ಡಿನ ಅಂಗಡಿ. ನನ್ನ ಮನೆ ಬಸವನಗುಡಿ. ಭಾನುವಾರದ ಬೆಳಗುಗಳಲ್ಲಿ ಲಾಲ್‌ಬಾಗಿಗೆ ಹೋಗಿ ಹಕ್ಕಿ ನೋಡುವುದನ್ನು ಒಟ್ಟಿಗೇ ಕಲಿತವರು ನಾವು. ಅವಳಿಗೆ ಹಕ್ಕಿ ಕಂಡರೆ ಸಾಕಿತ್ತು. ನನಗೆ ಅದರ ಫೋಟೋ ಬೇಕಿತ್ತು—ಅದೂ ಬೇರೆ ಯಾರ ಹತ್ತಿರವೂ ಇಲ್ಲದಂಥದ್ದು.

ಮದುವೆಯಾಗಿ ಮಗಳಾದ ಮೇಲೂ ಪ್ರೇಮಾ ಹಕ್ಕಿ ನೋಡುವುದನ್ನು ಬಿಡಲಿಲ್ಲ. ಘಟ್ಟದ ಅಭಯಾರಣ್ಯವೊಂದರಲ್ಲಿ ಮಂಗಟ್ಟೆಗಳ ಗೂಡುಗಳನ್ನು ಅಧ್ಯಯನ ಮಾಡಲು ಅನುಮತಿ ಪಡೆದಳು. ಒಮ್ಮೆ ನನ್ನನ್ನೂ ಕರೆದುಕೊಂಡು ಹೋದಳು. ಕಾಡಿನ ಅಂಚಿನಲ್ಲಿ ಒಂದು ಹಳೆಯ ಮರ, ಎತ್ತರದಲ್ಲಿ ಪೊಟರೆ. ಹೆಣ್ಣು ಒಳಗೆ ಹೋಗಿ ಪೊಟರೆಯ ಬಾಯನ್ನು ಒಳಗಿನಿಂದಲೇ ಮೆತ್ತಿ ಮುಚ್ಚಿಕೊಂಡಿತ್ತು. ಕೊಕ್ಕು ತೂರುವಷ್ಟು ಸೀಳು ಮಾತ್ರ ಉಳಿದಿತ್ತು. ಒಳಗೆ ಅದರ ರೆಕ್ಕೆಯ ಗರಿಗಳು ಉದುರಿರುತ್ತವೆ, ಹಾರಲಾಗದು. ಗಂಡು ತಂದು ಕೊಟ್ಟ ಹಣ್ಣಿನಿಂದಲೇ ಅದೂ ಮರಿಯೂ ಬದುಕಬೇಕು. ನಾವು ದೂರದ ಬಿದಿರಿನ ಮರೆಯಲ್ಲಿ ಕೂತು ನೋಡಿದೆವು. ನಾನು ಲೆನ್ಸು ಹಿಡಿದು ಸ್ವಲ್ಪ ಮುಂದೆ ಸರಿದದ್ದಕ್ಕೆ ಪ್ರೇಮಾ ನನ್ನ ಕೈ ಹಿಡಿದು ಎಳೆದಳು.

"ಬೇಡ ಕಣೇ ವಸೂ. ನಾವು ಹತ್ರ ಇದ್ರೆ ಗಂಡು ಬರಲ್ಲ. ಅದು ಬರ್ಲಿಲ್ಲ ಅಂದ್ರೆ ಒಳಗಿರೋದರ ಗತಿ ಏನು ಹೇಳು."

ಅರ್ಥವಾಗಲಿಲ್ಲ ಎಂದು ಹೇಳಲಾರೆ. ಚೆನ್ನಾಗಿ ಅರ್ಥವಾಗಿತ್ತು.

ಮುಂದಿನ ತಿಂಗಳು, ಮಗಳಿಗೆ ಜ್ವರ ಬಂದು ಪ್ರೇಮಾ ಊರಲ್ಲೇ ಉಳಿದಾಗ, ನಾನೊಬ್ಬಳೇ ಹೋದೆ. ಪಕ್ಕದ ತೋಟದ ದಾರಿಯಿಂದ ನುಸುಳಿದೆ. ಮರದ ಬುಡಕ್ಕೆ ಹತ್ತಿರವೇ ಹಸಿರು ಬಟ್ಟೆಯ ಮರೆ ಕಟ್ಟಿ ಒಂದು ವಾರವಿಡೀ, ಬೆಳಗಿನಿಂದ ಕತ್ತಲಾಗುವವರೆಗೆ, ಅಲ್ಲೇ ಕೂತೆ. ಗಂಡು ಬಂದಿತು—ಸುತ್ತಿತು—ಹಣ್ಣು ಕಚ್ಚಿಕೊಂಡೇ ಹಿಂದಿರುಗಿತು. ಮೇಲೆ ಸೀಳಿನಿಂದ ಕೊಕ್ಕು ಹೊರಗೆ ಬಂದು ಕಾಯುತ್ತಿತ್ತು. ದಿನ ಕಳೆದಂತೆ ಗಂಡು ಬರುವುದೇ ಕಡಿಮೆಯಾಯಿತು. ಕೊನೆಯ ದಿನ ಅದು ಕಾಣಲೇ ಇಲ್ಲ. ನಾನು ಏಳಬಹುದಿತ್ತು. ಮೊದಲ ದಿನವೇ ಏಳಬಹುದಿತ್ತು.

ಫೋಟೋ ಸಿಕ್ಕಿತು. ರೆಕ್ಕೆ ಪೂರ್ತಿ ಚಾಚಿದ ಗಂಡು, ಕೊಕ್ಕಿನಲ್ಲಿ ಕೆಂಪು ಹಣ್ಣು, ಹಿಂದೆ ಬರೀ ಆಕಾಶ. ನೋಡಿದವರೆಲ್ಲ ಗೂಡಿಗೆ ಬರುತ್ತಿರುವ ಹಕ್ಕಿ ಎಂದರು. ಅದು ತಿರುಗಿ ಹೋಗುತ್ತಿದ್ದ ಹಕ್ಕಿ. ಬೇರೆ ಕಾಡಿನದ್ದು ಎಂದು ಹೇಳಿ ಸ್ಪರ್ಧೆಗೆ ಕಳಿಸಿದೆ, ಬಹುಮಾನ ಬಂತು.

ಪ್ರೇಮಾ ಹೋಗುವ ವೇಳೆಗೆ ಪೊಟರೆ ಸದ್ದಿಲ್ಲದೆ ಇತ್ತು. ಯಾರನ್ನೋ ಮರ ಹತ್ತಿಸಿ ನೋಡಿಸಿದಳಂತೆ. ಹಿಂದಿರುಗಿದವಳು ನೇರ ನಮ್ಮ ಮನೆಗೆ ಬಂದು ಅಡುಗೆಮನೆಯ ಬಾಗಿಲಲ್ಲಿ ನಿಂತೇ ಅತ್ತಳು.

"ಎರಡೂ ಸತ್ತೋಗಿವೆ ಕಣೇ. ನಾನೇ ಜಾಸ್ತಿ ಸಲ ಹೋಗ್ಬಿಟ್ಟೆ ಅನ್ಸುತ್ತೆ. ನನ್ನಿಂದಾನೇ ಗಂಡು ಹೆದರಿಕೊಂಡಿರ್ಬೇಕು. ಅಲ್ವಾ?"

ಅಲ್ಲ ಎನ್ನುವುದಕ್ಕೆ ಒಂದೇ ಮಾತು ಸಾಕಿತ್ತು. ನಾನು ಅವಳ ಬೆನ್ನು ಸವರಿ, "ಇರ್ಬಹುದು. ಬೇಕು ಅಂತ ಮಾಡಿದ್ದಲ್ವಲ್ಲ, ಬಿಡು" ಎಂದೆ.

ಇರ್ಬಹುದು—ಅಂದವಳು ನಾನು.

ಅವಳು ಮತ್ತೆ ಕಾಡಿಗೆ ಹೋಗಲಿಲ್ಲ. ಅಪ್ಪನ ಅಂಗಡಿಯಲ್ಲಿ ಕೂತಳು. ಮುಂದೊಮ್ಮೆ ಆ ಫೋಟೋ ನೋಡಿ, "ನಮ್ಮ ಹಕ್ಕಿ ಥರಾನೇ ಇದೆ, ನಂಗೊಂದು ಕೊಡೇ" ಎಂದಳು. ನಾನು ಚೌಕಟ್ಟು ಹಾಕಿಸಿ ಕೊಟ್ಟೆ! ಅವಳು ಅದನ್ನು ಗಲ್ಲಾದ ಮೇಲೆ, ಕಾರ್ಡಿನ ಮಾದರಿಗಳ ನಡುವೆ ತೂಗುಹಾಕಿದಳು. ಕೊಟ್ಟ ಮೇಲೂ ನನಗೆ ನಿದ್ದೆ ಬರುತ್ತಿತ್ತು. ಅದನ್ನೂ ಹೇಳಬೇಕು.

ಈ ವರ್ಷ ಅವಳ ಮಗಳು ಅದೇ ಅಭಯಾರಣ್ಯದಲ್ಲಿ ಸಂಶೋಧನೆಗೆ ಹೋಗುತ್ತೇನೆಂದು ಹಟ ಹಿಡಿದಳು. ಅಂಗಡಿಗೆ ಹೋಗಿದ್ದಾಗ ಪ್ರೇಮಾ ನನ್ನ ಬೆಂಬಲ ಕೇಳಿದಳು.

"ನೀನಾದ್ರೂ ಹೇಳೇ ಅವಳಿಗೆ. ಪ್ರೀತಿ ಇದೆ ಅಂತ ಹೋಗಿ ನಾನು ಮಾಡಿದ್ದು ಸಾಲ್ದಾ? ಮಗಳ ಕೈಯಲ್ಲೂ ಅಂಥ ಪಾಪ ಆಗ್ಬಾರ್ದು."

ಆಗ ಹೇಳಿದೆ. ಗಿರಾಕಿಗಳು ಚಿನ್ನದ ಅಕ್ಷರದ ಕಾರ್ಡು ಆರಿಸುತ್ತಿದ್ದರು. ಅವರು ಕೇಳಿಸಿಕೊಂಡರೋ ಏನೋ. ಎಲ್ಲವನ್ನೂ ಹೇಳಿದೆ—ತೋಟದ ದಾರಿ, ಹಸಿರು ಬಟ್ಟೆ, ಆ ವಾರ. ಪ್ರೇಮಾ ಕೈಯಲ್ಲಿದ್ದ ಮಾದರಿ ಕಾರ್ಡನ್ನು ಕೆಳಗಿಟ್ಟಳು.

"ಹೆಣ್ಣು ಒಳಗಿದೆ ಅಂತ ಗೊತ್ತಿತ್ತು ನಿಂಗೆ."

"ಗೊತ್ತಿತ್ತು."

"ಮನೆಗೆ ಬಂದು ನಾನು ಅತ್ತಾಗ್ಲೂ..."

"ಆಗ್ಲೂ."

ಅವಳು ಬೈಯಲಿಲ್ಲ. ಬೈದಿದ್ದರೆ ನಾನು ಅದನ್ನು ಹಿಡಿದುಕೊಂಡು ಸ್ವಲ್ಪ ಹಗುರಾಗುತ್ತಿದ್ದೆನೇನೋ. ಫೋನು ತೆಗೆದು ಮಗಳಿಗೆ, "ಹೋಗಮ್ಮ. ನಾನೇ ಬಸ್ ಹತ್ತಿಸ್ತೀನಿ" ಎಂದಳು. ಆಮೇಲೆ ಚಿತ್ರದ ಕಡೆ ಕೈ ತೋರಿಸಿ, "ಅದನ್ನ ಇಳಿಸ್ಕೊಂಡು ಹೋಗು. ಮತ್ತೆ ಬರ್ಬೇಡ" ಎಂದಳು. ಗಿರಾಕಿಗಳತ್ತ ತಿರುಗಿ ಕಾರ್ಡಿನ ಬಣ್ಣ ವಿವರಿಸತೊಡಗಿದಳು.

ಬಹುಮಾನ ಕೊಟ್ಟವರಿಗೆ ನಿಜ ತಿಳಿಸಿದ್ದೇನೆ. ಭಾನುವಾರ ಲಾಲ್‌ಬಾಗಿನಲ್ಲಿ ಹಕ್ಕಿ ನೋಡುವ ನಮ್ಮ ಗುಂಪಿನ ಮುಂದೆಯೂ ನಿಂತು ಹೇಳಿದೆ. ಕೆಲವರು ಈಗ ನನ್ನ ಜೊತೆ ನಡೆಯುವುದಿಲ್ಲ. ಕ್ಷಮಿಸು ಎಂದು ಪ್ರೇಮಾಳನ್ನು ಕೇಳಿಲ್ಲ. ಕೇಳಿದರೆ ಕ್ಷಮಿಸುವ ಭಾರವನ್ನೂ ಅವಳ ಮೇಲೆಯೇ ಹೊರಿಸಿದಂತಾಗುತ್ತದೆ. ಅವಳ ಮಗಳು ಘಟ್ಟಕ್ಕೆ ಹೋಗಿದ್ದಾಳಂತೆ, ಅಮ್ಮನೂ ಒಮ್ಮೆ ಜೊತೆಗೆ ಹೋಗಿ ಬಂದಳಂತೆ—ಯಾರೋ ಹೇಳಿದರು. ಅಲ್ಲಿ ಏನು ಕಂಡರು ಎಂದು ನಾನು ವಿಚಾರಿಸಲಿಲ್ಲ.