ಸೇತುವೆ ಬಿಡದ ಶಿವಲಿಂಗ

ತೀರಿಹೋದ ಶಿವಲಿಂಗ ಪೇಪರ್ ಮಿಲ್ಲಿನಲ್ಲಿ ಮಷೀನು ನೋಡಿಕೊಳ್ಳುತ್ತಿದ್ದ. ಬದಲಿ ಆಳು ಬರುವ ತನಕ ಮಷೀನು ಬಿಟ್ಟು ಕದಲಬಾರದು ಎಂಬುದು ಅಲ್ಲಿಯ ರೂಢಿ. ಪಾಳಿ ಮುಗಿದ ಮೇಲೆ ದಾಂಡೇಲಿಯ ದಿನೇಶನ ಇಂಟರ್‌ನೆಟ್ ಅಂಗಡಿಯಲ್ಲಿ ಕಂಪ್ಯೂಟರಿನ ಮೇಲೆ ಗುಂಡು ಹಾರಿಸುವ ಆಟ ಆಡುತ್ತಿದ್ದ. ನಾಲ್ವರು ತಂಡ ಕಟ್ಟಿಕೊಂಡು ವೈರಿಗಳ ಮೇಲೆ ಬೀಳುವ ಆಟ ಅದು. ಅವನ ಕೈ ನಿಧಾನ. ಯಾವ ತಂಡದವರೂ ಅವನನ್ನು ಎರಡನೇ ಸಲ ಕರೆಯುತ್ತಿರಲಿಲ್ಲ. ಅದು ಅವನಿಗೆ ಬಹಳ ಚುಚ್ಚುತ್ತಿತ್ತು.

ಒಂದು ಸಂಜೆ ಹಳಿಯಾಳದಿಂದ ಆಡುತ್ತಿದ್ದ ಸುಭಾಷನ ತಂಡಕ್ಕೆ ಒಬ್ಬ ಕಡಿಮೆ ಬಿದ್ದ. ದಿನೇಶ ಶಿವಲಿಂಗನನ್ನು ಸೇರಿಸಿದ.

"ಕಾಕಾ, ನೀವು ಸೇತುವೆ ಕಾಯ್ರಿ ಸಾಕು," ಎಂದ ಸುಭಾಷ ಹೆಡ್‌ಫೋನಿನಲ್ಲಿ.

ಉಳಿದ ಮೂವರು ಸೇತುವೆ ದಾಟಿ ವೈರಿಗಳ ಕೋಟೆಗೆ ನುಗ್ಗಿದರು; ವಾಪಸು ಬರಲು ಅದೊಂದೇ ದಾರಿ. ಸ್ವಲ್ಪ ಹೊತ್ತಿಗೆ, "ಗೆದ್ದಂಗ ಆತು, ಬಿಟ್ಟು ಬರ್ರಿ ಕಾಕಾ!" ಎಂದು ಸುಭಾಷ ಕೂಗಿದ.

"ಬದಲಿ ಯಾರೂ ಬಂದಿಲ್ಲಲ್ಲೋ ತಮ್ಮಾ. ಹೆಂಗ ಬಿಡ್ಲಿ?"

"ಇದೇನ ಮಿಲ್ಲ ಅಂತ ತಿಳ್ದೀರೇನ್ರೀ?" ಪಕ್ಕದ ಕುರ್ಚಿಯಲ್ಲಿದ್ದ ದಿನೇಶ ನಕ್ಕ.

ಅಷ್ಟರಲ್ಲಿ ಕೋಟೆಯೊಳಗೆ ವೈರಿಗಳು ಮುತ್ತಿದರು. ಮೂವರೂ ಹಿಂದಕ್ಕೆ ಓಡಿ ಬಂದರು. ಸೇತುವೆ ಇನ್ನೂ ಶಿವಲಿಂಗನ ಕೈಯಲ್ಲೇ ಇತ್ತು. ಎಲ್ಲರೂ ಬದುಕಿ ದಾಟಿದರು.

ಆಟ ಮುಗಿಯಿತು. "ಕಾಕಾ, ನಾಳೆ ಎಷ್ಟೊತ್ತಿಗೆ ಬರ್ತೀರಿ?" ಎಂದ ಸುಭಾಷ.

ಮನೆಗೆ ಬಂದವನು ಚಪ್ಪಲಿ ಬಿಡುವ ಮೊದಲೇ ಹೆಂಡತಿ ಗೋದುಬಾಯಿಗೆ ಹೇಳಿದ: "ಇಲ್ಲೆ ಕೇಳ, ನನ್ನ ನಾಳೆನೂ ಕರದಾರ."