ಗಲ್ಲ ತುಂಬಿಸುವ ಕೆಲಸ

ಬಣ್ಣಕ್ಕೆ ಕಲೆಸುವ ಅಗಸೆ ಎಣ್ಣೆಯ ಡಬ್ಬಿ ತೆರೆದರೆ ಸಾಕು, ಅವ್ವ ರೊಟ್ಟಿಗೆ ಹಚ್ಚಿಕೊಡುತ್ತಿದ್ದ ಅಗಸಿ ಹಿಂಡಿ ನೆನಪಾಗಿ ನನಗೆ ಬಾಯಲ್ಲಿ ನೀರೂರುತ್ತದೆ. ಕಲಾವಿದ ಎನಿಸಿಕೊಂಡವನಿಗೆ ಇದು ಶೋಭೆಯಲ್ಲ, ಬಿಡಿ. ಆದರೆ ಸೊಲ್ಲಾಪುರದ ಈ ಓಣಿಯಲ್ಲಿ ನನ್ನ ಕಲೆಯೆಂದರೆ ತೀರಿಕೊಂಡವರ ಚಿತ್ರ ಬರೆದುಕೊಡುವುದು. ಬಂದವರೆಲ್ಲ ಹೇಳುವುದು ಒಂದೇ ಮಾತು: "ಗಲ್ಲ ಜರಾ ತುಂಬಸ್ರಿ." ತುಂಬಿಸಿ ತುಂಬಿಸಿ ದಣಿದಿದ್ದೇನೆ. ಹೋದ ತಿಂಗಳು ಅವ್ವನೇ ತೀರಿಕೊಂಡಾಗ, ಇದೊಂದನ್ನಾದರೂ ಕಂಡಂತೆ ಬರೆಯುತ್ತೇನೆಂದು ಹಟ ಹಿಡಿದೆ. ಕೊನೆಗೆ ಗಂಜಿಯೂ ಇಳಿಯದೆ ಒಣಗಿದ್ದ ಮುಖವನ್ನೇ ಬರೆದೆ. ತಂಗಿ ನೋಡಿ, "ಅಣ್ಣಾ, ಅವ್ವನ್ನ ಹಿಂಗ ಹ್ಯಾಂಗ ಗ್ವಾಡಿಗಿ ಹಾಕೂದು? ಗಲ್ಲ ತುಂಬಸೋ," ಎಂದಳು. ನಾನು ರೇಗಿದೆ.

ರೇಗಿದ ಮೇಲೆ ನೆನಪಾದದ್ದು ನಮ್ಮೂರು. ತೊಂಬತ್ತರ ದಶಕದಲ್ಲೂ ಅಕ್ಕಲಕೋಟೆಯ ಬಸ್ಸು ಹಳ್ಳದ ಆಚೆ ದಂಡೆಯಿಂದಲೇ ತಿರುಗಿ ಹೋಗುತ್ತಿತ್ತು. ಮಳೆಗಾಲದಲ್ಲಿ ಹೊಸ ಮುಖವೆಂಬುದೇ ಇಲ್ಲ. ನೋಡಲು ಬೇರೇನೂ ಇಲ್ಲದ್ದರಿಂದ ಹುಡುಗನಾಗಿದ್ದ ನಾನು ನಮ್ಮ ಮುದಿ ಎತ್ತು ಹಣಮ್ಯಾನನ್ನೇ ದಿನವಿಡೀ ನೋಡುತ್ತಿದ್ದೆ. ಮಣ್ಣೆತ್ತಿನ ಅಮಾವಾಸ್ಯೆಗೆ ಎಲ್ಲರ ಮನೆಯಲ್ಲೂ ಕರಿಮಣ್ಣಿನ ಕೊಬ್ಬಿದ ಎತ್ತುಗಳನ್ನು ಮಾಡಿ ಪೂಜಿಸುತ್ತಾರಲ್ಲ, ನಾನು ಹಣಮ್ಯಾನನ್ನೇ ಮಾಡಿದೆ. ಎದ್ದ ಪಕ್ಕೆಲುಬು, ಮುರಿದ ಕೊಂಬು, ಏನನ್ನೂ ಬಿಡಲಿಲ್ಲ. ಊರಿಗೊಬ್ಬನೇ ಶಿಲ್ಪಿಯೆಂಬ ಗತ್ತಿನಲ್ಲಿ ದೇವರ ಜಗಲಿಯ ಮೇಲಿಟ್ಟೆ.

ಅವ್ವ ಬೈಯಲಿಲ್ಲ. ಒದ್ದೆ ಮಣ್ಣು ತಂದು ಪಕ್ಕೆಲುಬಿನ ಮೇಲೆ ಮೆತ್ತತೊಡಗಿದಳು.

"ಯವ್ವಾ, ಹಣಮ್ಯಾ ಹಿಂಗಿಲ್ಲಬೇ!" ಎಂದು ಅತ್ತುಬಿಟ್ಟೆ.

"ಅಂವ ಹ್ಯಾಂಗದಾನಂತ ದೇವರಿಗೂ ಗೊತ್ತೈತಿ. ಹ್ಯಾಂಗ ಇರಬೇಕಾಗಿತ್ತಂತ ನಾವು ಹೇಳಬೇಕಲ್ಲೋ," ಎಂದಳು.

ನನಗದು ಶುದ್ಧ ಸುಳ್ಳೆನಿಸಿತ್ತು. ಹಣಮ್ಯಾನಿಗಾಗಿ ಬದುವಿನ ಹುಲ್ಲು ಕೊಯ್ದು ಕೊಯ್ದು ಅವಳ ಬೆರಳುಗಳು ಸೀಳಿಹೋಗಿದ್ದು ಮಣ್ಣು ಮೆತ್ತುವಾಗ ಕಂಡಿತ್ತು. ಕಂಡದ್ದನ್ನೇ ಮಾಡುವ ಈ ಮಹಾಶಯನಿಗೆ ಅದೊಂದು ಲೆಕ್ಕಕ್ಕೇ ಬರಲಿಲ್ಲ.

ಇವತ್ತು ಬೆಳಿಗ್ಗೆ ಮತ್ತೆ ಕುಂಚ ಹಿಡಿದೆ. ಅವ್ವನ ಬಾಯಿಗೆ ಚಮಚ ಹಿಡಿದು ಕೂತ ದಿನಗಳು ನೆನಪಾದವು. ಎಷ್ಟು ಬೇಡಿಕೊಂಡರೂ ಒಂದು ಗುಟುಕು ಒಳಗೆ ಹೋಗುತ್ತಿರಲಿಲ್ಲ. ಇಷ್ಟು ವರ್ಷ ನನ್ನ ಬಾಗಿಲಿಗೆ ಬಂದವರೂ ಹೀಗೆ ಚಮಚ ಹಿಡಿದು ಸೋತವರೇ ಇರಬೇಕು. ಅವರನ್ನು ಕಂಡು ಮನಸ್ಸಿನಲ್ಲೇ ಎಷ್ಟು ನಕ್ಕಿದ್ದೆ! ನಿಧಾನವಾಗಿ ಗಲ್ಲ ತುಂಬಿಸುತ್ತಾ ಹೋದೆ.

ತಂಗಿ ಬಂದು ಬಹಳ ಹೊತ್ತು ನೋಡಿದಳು.

"ಉಂಡಂಗ ಕಾಣ್ತಾಳೋ ಅಣ್ಣಾ," ಎಂದಳು.

ಅವ್ವ ಹೋದ ದಿನ ಬಾರದ ಅಳು ನನಗೆ ಆಗ ಬಂತು.