ಎರಡನೆಯ ಸಾಲು ಬರುವ ತನಕ

ಮೊನ್ನೆ ಅಂಚೆಯಲ್ಲಿ ಒಂದು ಪುಸ್ತಕ ಬಂತು. ನಮ್ಮ ಶಹಾಬಾದಿನಲ್ಲಿ ಯಾವ ವಸ್ತುವೂ ಒಂದು ದಿನಕ್ಕಿಂತ ಹೆಚ್ಚು ಹೊಸದಾಗಿ ಉಳಿಯುವುದಿಲ್ಲ. ಮರುದಿನ ಬೆಳಿಗ್ಗೆಗೇ ಅದರ ರಟ್ಟಿನ ಮೇಲೆ ಕಲ್ಲಿನ ಧೂಳು ಕೂತಿತ್ತು. ಸೆರಗಿನಿಂದ ಒರೆಸಿ ಓದಲು ತೆಗೆದೆ. ಬರೆದವಳು ನನ್ನ ಹಳೆಯ ವಿದ್ಯಾರ್ಥಿನಿ, ಈಗ ಚಿತ್ತಾಪುರದಲ್ಲಿ ಪಾಠ ಹೇಳುತ್ತಾಳೆ. ವಿಷಯ ಮಾರ್ದನಿ. ಒಬ್ಬ ಕವಿಯ ಮಾತು ನೂರು ವರ್ಷದ ಮೇಲೆ ಇನ್ನೊಬ್ಬನ ಪದ್ಯದಲ್ಲಿ ಹೇಗೆ ಕೇಳಿಸುತ್ತದೆ, ಭಜನೆಯಲ್ಲಿ ಮುಂದಾಳು ಎತ್ತಿದ ಸೊಲ್ಲನ್ನು ಹಿಂದಿನವರು ಹೇಗೆ ಹಿಡಿಯುತ್ತಾರೆ, ನಾಯಕನ ಮಾತು ಜನರಲ್ಲಿ ಹೇಗೆ ಮೊಳಗುತ್ತದೆ, ಹೀಗೆ ಮೂರು ಭಾಗ. ಬಿಡುಗಡೆಯ ದಿನ ನಾನೇ ಮಾತಾಡಬೇಕಂತೆ. ಹೆಣ್ಣುಮಕ್ಕಳ ಶಾಲೆ ನಡೆಸುವ ಹೆಡ್ ಬಾಯಿಯವರಿಗೆ ಎಲ್ಲವೂ ಗೊತ್ತಿರುತ್ತದೆಂದು ಜನ ತಿಳಿದಿರುತ್ತಾರೆ. ನಾನೂ ಆ ತಪ್ಪು ತಿಳಿವಳಿಕೆಯನ್ನು ತಿದ್ದಲು ಹೋಗಿಲ್ಲ.

ಮೊದಲ ಎರಡು ಭಾಗ ಗೋಡೆಗೆ ಒರಗಿ ಸುಖವಾಗಿ ಓದಿದೆ. ಮೂರನೆಯದರಲ್ಲಿ ಒಂದು ಮಾತಿತ್ತು: ಮುಂದಾಳು ಆಡಿದ್ದು ಚೂರೂ ಬದಲಾಗದೆ ಅವನಿಗೇ ಮರಳಿ ಬಂದರೆ ಅವನು ಗೆದ್ದಂತೆ, ಎಂದು. ಹುಡುಗಿ ಒಳ್ಳೆಯ ಮನಸ್ಸಿನಿಂದಲೇ ಬರೆದಿದ್ದಾಳೆ. ನಾನು ಮಾತ್ರ ಹೆದರಿ ಪುಸ್ತಕ ಮುಚ್ಚಿಟ್ಟೆ. ಇಪ್ಪತ್ತೈದು ವರ್ಷವಾದರೂ ಆ ಹೆದರಿಕೆ ಇಲ್ಲೇ ಎಲ್ಲೋ ಬಾಗಿಲ ಹಿಂದೆ ನಿಂತಿರುತ್ತದೆ ನೋಡಿ.

ನಾನು ಸೇಡಂನಿಂದ ಈ ಊರಿಗೆ ಸೊಸೆಯಾಗಿ ಬಂದಾಗ ನಮ್ಮದು ಇನ್ನೂ ಮೈಸೂರು ರಾಜ್ಯ. ಮೆಟ್ರಿಕ್ ಪಾಸಾದ ಸೊಸೆ ಎಂದು ಅತ್ತೆಯವರು ಬಂದವರಿಗೆಲ್ಲ ನನ್ನನ್ನು ಕರೆದು ತೋರಿಸುತ್ತಿದ್ದರು. ನಾದಿನಿ ನಾಗವ್ವನಿಗೆ ಮಾತ್ರ ನನ್ನ ಮೆಟ್ರಿಕ್ ಲೆಕ್ಕಕ್ಕಿರಲಿಲ್ಲ. ನನ್ನ ಮಾತಿನಲ್ಲಿ ಇಣುಕುವ ತೆಲುಗನ್ನು ಅಣಕಿಸಿ ನಗುವುದೇ ಅವಳ ಕೆಲಸ. ಮಾವನವರು ಕಲ್ಲುಗಣಿಯಲ್ಲಿ ಮೇಸ್ತ್ರಿ. ಬಂಡೆಗೆ ತೂತು ಕೊರೆದು ಮದ್ದು ತುಂಬಿ ಬತ್ತಿಗೆ ಬೆಂಕಿ ಹಚ್ಚುವ ಕೆಲಸ ಅವರದು. ನಾಗವ್ವ ಅದೇ ಗಣಿಯಲ್ಲಿ ಹನ್ನೆರಡು ಹೆಂಗಸರ ಜೊತೆ ಕಲ್ಲುಚೂರು ಹೊರುತ್ತಿದ್ದಳು.

ಬೆಂಕಿ ಹಚ್ಚುವ ಮೊದಲು ಹೆಂಗಸರೆಲ್ಲ ಗಣಿಯ ಆಚೆ ಮಗ್ಗುಲಿನ ಕಲ್ಲುಚೂರಿನ ದಿಬ್ಬದ ಹಿಂದೆ ಹೋಗಿ ಅಡಗಬೇಕು. ಮಾವ ನಿಲ್ಲುವ ಜಾಗದಿಂದ ಗಣಿಯ ತಳವೂ ಕಾಣದು, ಆ ದಿಬ್ಬವೂ ಕಾಣದು. ಕೂಗಿ ಕೇಳೋಣವೆಂದರೆ ಎದುರಿನ ಕಲ್ಲುಗೋಡೆ ಕೂಗನ್ನೇ ತಿರುಗಿಸಿ ಕೊಡುತ್ತದೆ. ಅದಕ್ಕೇ ಅವರು ಒಂದು ಪದ ಕಟ್ಟಿದ್ದರು. ‘ಮ್ಯಾಲ ಬಾರೋ ಮಣ್ಣಿನ ಗೊಂಬಿ’ ಎಂದು ಇವರು ರಾಗವಾಗಿ ಎತ್ತಬೇಕು. ಎಲ್ಲರೂ ದಿಬ್ಬದ ಹಿಂದೆ ಸೇರಿದ ಮೇಲೆಯೇ ಅಲ್ಲಿಂದ ‘ಬಂದೀವಿ ಗುರುವೇ ನಿನ್ನ ನೆರಳಿಗೆ’ ಎಂದು ಎರಡನೆಯ ಸಾಲು ಬರಬೇಕು. ಒಬ್ಬಳು ಹಿಂದೆ ಉಳಿದಿದ್ದರೂ ಉಳಿದವರು ಬಾಯಿ ಬಿಡುವಂತಿಲ್ಲ. ಗೋಡೆಗೆ ಮೊದಲ ಸಾಲನ್ನು ತಿರುಗಿಸುವುದು ಗೊತ್ತು, ಎರಡನೆಯದು ಗೊತ್ತಿಲ್ಲ. ಇಷ್ಟೇ ಅವರ ವಿದ್ಯೆ.

ನನ್ನ ವಿದ್ಯೆ ಬೇರೆ. ಮಧ್ಯಾಹ್ನ ರೊಟ್ಟಿ ತಿಂದ ಮೇಲೆ ಗಣಿಯ ನೆರಳಿನಲ್ಲಿ ಆ ಹೆಂಗಸರಿಗೆ ಅಕ್ಷರ ಕಲಿಸುತ್ತೇನೆಂದು ಹೊರಟೆ. ಅವರ ಬಾಯಲ್ಲಿ ಇರುವುದನ್ನೇ ಬರೆಸೋಣವೆಂದು ಆ ಮೊದಲ ಸಾಲನ್ನು ಪಾಠ ಮಾಡಿದೆ. ನಾನು ಅನ್ನಬೇಕು, ಅವರು ಅನ್ನಬೇಕು. ನಾಗವ್ವ ತಡೆಯಲಾರದೆ ಎರಡನೆಯ ಸಾಲು ಹೇಳಿಬಿಡುತ್ತಿದ್ದಳು.

“ಮುಂದಿಂದು ನಿನಗ್ಯಾರ ಕೇಳ್ಯಾರ? ನಾ ಅಂದಿದ್ದಷ್ಟ ಅನ್ನು,” ಎಂದು ಗದರಿದೆ.

“ಅಂದಿದ್ದ ಅನ್ನಾಕ ನಾವೇನು ಗ್ವಾಡಿ ಏನ, ಅತ್ತಿಗಿ?” ಅಂದಳು. ಎಲ್ಲರೂ ನಕ್ಕರು. ನನಗೆ ಸಿಟ್ಟು ನೆತ್ತಿಗೇರಿತು. ಬರೆಯುವ ಪಾಟಿಯನ್ನು ಗಣಿಯಲ್ಲಿ ಬಿಟ್ಟು ಬಂದವರು ನಾಳೆ ಪಾಠಕ್ಕೆ ಬರಕೂಡದೆಂದು ಇನ್ನೊಂದು ಕಾನೂನು ಹಾಕಿದೆ. ಒಂದು ವಾರದಲ್ಲಿ ಹನ್ನೆರಡು ಬಾಯಿಯೂ ನಾಗವ್ವನ ಬಾಯಿಯೂ ನನ್ನ ಮಾತನ್ನು ಹಾಗೇ ತಿರುಗಿ ಕೊಡತೊಡಗಿದವು. ನನಗೆ ಆಗ ಆದ ಸಂತೋಷ ಹೇಳಲು ಈಗ ನಾಚಿಕೆ.

ಆ ದಿನ ಪಾಠ ಮುಗಿಸಿ ಮಾವನವರ ಹತ್ತಿರ ಮೇಲೆ ಬಂದು ನಿಂತಿದ್ದೆ. ಮದ್ದು ತುಂಬಿಯಾಗಿತ್ತು. ಪಕ್ಕದಲ್ಲಿ ಗುತ್ತೇದಾರರ ಮುನ್ಶಿ ಲಾರಿ ಕಾಯುತ್ತಿದೆಯೆಂದು ಗೊಣಗುತ್ತಿದ್ದ. ಮಾವ ಸಾಲು ಎತ್ತಿದರು. ಸ್ವಲ್ಪ ಹೊತ್ತಿಗೆ ಅದೇ ಸಾಲು ತೆಳ್ಳಗೆ ಮರಳಿ ಬಂತು. ಮತ್ತೆ ಎತ್ತಿದರು, ಮತ್ತೆ ಅದೇ.

“ಅಂದ್ರಲ್ಲ, ಹಚ್ಚೋ ಮೇಸ್ತ್ರಿ, ಜಲ್ದಿ,” ಅಂದ ಮುನ್ಶಿ.

ಮಾವ ನನ್ನ ಕಡೆ ನೋಡಿದರು. ಅವರು ಕೇಳುವ ಮೊದಲೇ ನಾನು ಹೇಳಿಬಿಟ್ಟೆ: “ಅವರ ಅದಾರ್ರಿ ಮಾವಾ. ಈ ಸಾಲು ನಾನ ಕಲಿಸೀನಿ.”

ಎಷ್ಟು ಖಚಿತವಾಗಿ ಹೇಳಿದೆ ಅನ್ನುತ್ತೀರಿ. ಆ ತೆಳ್ಳನೆಯ ದನಿಯಲ್ಲಿ ನನಗೆ ಹೆಂಗಸರ ದನಿಯೇ ಕೇಳಿಸಿತ್ತು. ನನ್ನ ಪಾಠ ನನಗೆ ಮರಳಿ ಬಂದಿತ್ತಲ್ಲ, ಇನ್ನು ಬೇರೆ ಸಾಕ್ಷಿ ಯಾಕೆ ಬೇಕು?

ಮಾವ ಕಡ್ಡಿ ಗೀರಿದರು. ಅಂಗೈ ಮರೆಮಾಡಿ ಉರಿಯನ್ನು ಬತ್ತಿಯ ತುದಿಯವರೆಗೂ ಒಯ್ದರು. ಅಲ್ಲಿ ಅವರ ಕೈ ನಿಂತಿತು. ಕಡ್ಡಿ ಉರಿಯುತ್ತ ಉರಿಯುತ್ತ ಬೆರಳಿಗೆ ಬಂತು. ಅವರು ಅದನ್ನು ನೆಲಕ್ಕೆ ಹಾಕಿ ಕೆರದಿಂದ ತಿಕ್ಕಿದರು.

“ಎರಡನೇದ್ದು ಬಂದಿಲ್ಲ,” ಅಂದರು.

ಮುನ್ಶಿ ಏನೇನೋ ಅಂದ. ಮಾವ ಕಿವುಡರಂತೆ ಕುಕ್ಕುರುಗಾಲಲ್ಲಿ ಕೂತರು. ಆ ಹೊತ್ತು ಎಷ್ಟು ಉದ್ದವಿತ್ತೋ ನನಗೆ ತಿಳಿಯದು. ಮೊದಲು ಅವಮಾನವಾಯಿತು, ಸೊಸೆಯ ಮಾತಿಗೆ ಬೆಲೆಯಿಲ್ಲವೇ ಎಂದು. ಆಮೇಲೆ ಒಂದು ಸಣ್ಣ ಅನುಮಾನ ಬಂತು. ಗೋಡೆಯನ್ನೇ ನೋಡುತ್ತ ನಿಂತೆ. ಅದು ಬಾಯಿ ಮುಚ್ಚಿತ್ತು.

ಕೊನೆಗೆ ಬಂತು. ‘ಬಂದೀವಿ ಗುರುವೇ...’ ನಾಗವ್ವನ ದನಿ. ಏದುಸಿರಿನಲ್ಲಿ ರಾಗ ಒಡೆದಿತ್ತು. ಹಿಂದಿನಿಂದ ಉಳಿದವರು ಕೂಡಿಕೊಂಡರು.

ಮಾವ ಬೇರೆ ಕಡ್ಡಿ ಗೀರಿ ಬತ್ತಿ ಹಚ್ಚಿದರು. ನಾವು ಓಡಿ ಬಂಡೆಯ ಮರೆಗೆ ಕೂತೆವು. ಸಿಡಿದಾಗ ನೆಲ ನನ್ನ ಹೊಟ್ಟೆಯೊಳಗೇ ಅಲುಗಿದಂತಾಯಿತು.

ಆಮೇಲೆ ತಿಳಿಯಿತು. ನಾಗವ್ವ ಪಾಟಿ ಮರೆತು, ಅದನ್ನು ತರಲು ಗಣಿಯ ತಳಕ್ಕೆ ಮತ್ತೆ ಇಳಿದಿದ್ದಳು. ನಾನು ಹಾಕಿದ ಕಾನೂನಿಗೆ ಹೆದರಿ. ಮಿಕ್ಕವರು ದಿಬ್ಬದ ಹಿಂದೆ ತುಟಿ ಬಿಚ್ಚದೆ ಅವಳಿಗಾಗಿ ಕಾಯುತ್ತಿದ್ದರು. ನಾನು ಆಣೆ ಮಾಡುವಂತೆ ಅವರದೆಂದು ಹೇಳಿದ್ದು ಬರೀ ಕಲ್ಲಿನ ದನಿ. ಕಡ್ಡಿ ಬತ್ತಿಯ ಹತ್ತಿರ ಹೋದಾಗ ಅವಳು ಮದ್ದು ತುಂಬಿದ ಬಂಡೆಯ ಕೆಳಗೇ ಇದ್ದಳು.

ಮನೆಗೆ ಬರುವ ದಾರಿಯಲ್ಲಿ ಮಾವ ಬೈಯಲಿಲ್ಲ. ಬೈದಿದ್ದರೆ ಹಗುರಾಗುತ್ತಿತ್ತು. “ನಾ ಅಂದಿದ್ದ ನನಗ ತಿರುಗಿ ಬಂದ್ರ ನನಗ ಭಾಳ ಅಂಜಿಕಿ ಆಗ್ತದ, ಯವ್ವಾ,” ಅಂದರು, ಅಷ್ಟೇ. ತೀರಿಕೊಳ್ಳುವ ತನಕ ಈ ಸಂಗತಿಯನ್ನು ಮನೆಯಲ್ಲಿ ಯಾರ ಮುಂದೆಯೂ ಎತ್ತಲಿಲ್ಲ. ನಾನೂ ಎತ್ತಲಿಲ್ಲ. ಇಬ್ಬರ ಸುಮ್ಮನಿರುವಿಕೆ ಒಂದೇ ಅಲ್ಲ ಎಂದು ನನಗೆ ಗೊತ್ತಿತ್ತು.

ಮಾವನ ಅಂಜಿಕೆ ನನಗೆ ಬಳುವಳಿಯಾಗಿ ಬಂತು. ಇವತ್ತಿಗೂ ಶಾಲೆಯ ಸಭೆಯಲ್ಲಿ ನಾನು ಏನಾದರೂ ಹೇಳಿ, ಎಲ್ಲರೂ ಒಟ್ಟಿಗೆ “ಹೌದ್ರಿ ಬಾಯಾರ” ಅಂದರೆ ನಾನು ಅಲ್ಲಿಗೆ ಬಿಡುವುದಿಲ್ಲ. “ಮುಂದ ಹೇಳ್ರಿ” ಅನ್ನುತ್ತೇನೆ. ಬಾಯಿಯವರು ಭಾಳ ಕಟ್ಟುನಿಟ್ಟು ಎಂದು ಹೆಸರು ಬಂದಿದೆ. ಅದು ಕಟ್ಟುನಿಟ್ಟಲ್ಲ, ಹೆದರಿಕೆ.

ಇವತ್ತು ಭಾನುವಾರ. ನಾಗವ್ವ ಬಂದು ಕಟ್ಟೆಯ ಮೇಲೆ ಜೋಳ ಹಸನು ಮಾಡುತ್ತಿದ್ದಳು. ಭಾಷಣಕ್ಕೆ ಬರೆದಿದ್ದನ್ನು ಅವಳಿಗೆ ಓದಿ ಹೇಳಿದೆ. ಗಣಿಯ ಸಂಗತಿಗೆ ಬಂದಾಗ ಹಾಳೆ ಕೆಳಗಿಟ್ಟೆ.

“ಆವತ್ತ ನೀ ಕೆಳಗಿದ್ದಿ. ಎಲ್ಲಾರೂ ದಿಬ್ಬದ ಹಿಂದ ಅದಾರ ಅಂತ ಹೇಳಿದಾಕಿ ನಾನ, ನಾಗವ್ವಾ.”

ಮೊರ ನಿಂತಿತು. ಅವಳು ನನ್ನನ್ನು ನೋಡಲಿಲ್ಲ, ಜೋಳವನ್ನೇ ನೋಡುತ್ತಿದ್ದಳು. ಎದುರಿನ ಹಳಿಯ ಮೇಲೆ ಹೋಗುವ ಗೂಡ್ಸ್ ಗಾಡಿಯ ಡಬ್ಬಿಗಳೆಲ್ಲ ದಾಟಿಹೋದವು.

ಮೊದಲಿನ ನಾನಾಗಿದ್ದರೆ ಆ ಮೌನವನ್ನೇ ಕ್ಷಮೆ ಎಂದುಕೊಂಡು, ಕನ್ನಡಕ ಏರಿಸಿ ಮುಂದಿನ ಹಾಳೆ ಓದಿಬಿಡುತ್ತಿದ್ದೆ. ಇವತ್ತು ಓದಲಿಲ್ಲ. ಇನ್ನೂ ಎಲ್ಲರೂ ಬಂದು ಸೇರಿಲ್ಲ ಎಂದು ದಿಬ್ಬದ ಹಿಂದಿನ ಆ ಹೆಂಗಸರು ಹೀಗೇ ಬಾಯಿ ಬಿಡದೆ ಅಲ್ಲವೇ ತಿಳಿಸುತ್ತಿದ್ದುದು? ಹಾಳೆಯನ್ನು ಮಡಿಲಲ್ಲಿಟ್ಟುಕೊಂಡು, ಅವಳು ಏನನ್ನುತ್ತಾಳೋ ಅದಕ್ಕಾಗಿ ಕಾಯುತ್ತ ಕೂತೆ.